ಬಂದವನು ಹೋದ ಮೇಲೆ: ಚಲನಚಿತ್ರಗಳಲ್ಲಿ ಸಮೂಹದ ಬಲ

ಚಲನಚಿತ್ರವನ್ನು ಕುರಿತ ನಮ್ಮ ಬರಹಗಳು ಬಹುಮಟ್ಟಿಗೆ ನಿರ್ದೇಶಕನ ಸುತ್ತ ಇಲ್ಲವೇ ನಾಯಕನಟನ ಸುತ್ತ ಬೆಳೆದಿವೆ. ಒಂದು ಚಿತ್ರವನ್ನು ನೆನೆದ ಕೂಡಲೇ ಒಂದು ಮುಖ ಕಣ್ಣಮುಂದೆ ನಿಲ್ಲುವುದು ಸಹಜವೇ. ಆದರೆ ಯಾವುದೇ ಒಂದು ಮುಖವನ್ನು ನೆನೆಯಲಾಗದ, ಹಲವು ಮುಖಗಳನ್ನು ಒಟ್ಟಿಗೆ ನೆನೆಯಬೇಕಾದ ಚಿತ್ರಗಳೂ ಇವೆ. ದುರ್ಬಲರೆನಿಸಿಕೊಂಡ ಹತ್ತಾರು ಮಂದಿ ಒಂದೆಡೆ ಸೇರುವುದು, ಸೇರಿದ ಮೇಲೆ ತಮ್ಮ ತಮ್ಮೊಳಗೆ ಜಗಳವಾಡುವುದು, ಕೊನೆಗೆ ಒಬ್ಬೊಬ್ಬರಲ್ಲಿಯೂ ಇರದಿದ್ದ ಶಕ್ತಿಯೊಂದನ್ನು ಒಟ್ಟಾಗಿ ಕಂಡುಕೊಳ್ಳುವುದು ಇವುಗಳ ಸಾಮಾನ್ಯ ಕಥಾವಸ್ತು. ಜನ ಇವನ್ನು ಮೆಚ್ಚಿ ನೋಡುತ್ತಾರೆ. ನೋಡಿ ಹೊರಬರುವಾಗ ಮನಸ್ಸು ಹಗುರಾಗಿರುತ್ತದೆ. ಆ ಹಗುರತೆಯ ಕಾರಣದಿಂದಲೇ ವಿಮರ್ಶೆ ಇವುಗಳನ್ನು ಹಗುರವಾಗಿ ಕಂಡದ್ದೂ ಉಂಟು.

ಅಂತಹ ಕೆಲವು ಚಿತ್ರಗಳ ಕಟ್ಟಡವನ್ನು ವಿವೇಚಿಸುವುದು ಪ್ರಸ್ತುತ ಲೇಖನದ ಉದ್ದೇಶ. ಜಪಾನಿನ ಅಕಿರ ಕುರೊಸಾವಾ ನಿರ್ದೇಶಿಸಿದ ‘ಸೆವೆನ್ ಸಮುರಾಯ್’ (1954), ಶ್ಯಾಮ್ ಬೆನಗಲ್ ಅವರ ‘ಮಂಥನ್’ (1976), ಅಶುತೋಷ್ ಗೋವಾರಿಕರ್ ಅವರ ‘ಲಗಾನ್’ (2001), ರಿಷಬ್ ಶೆಟ್ಟಿ ಅವರ ‘ಸರ್ಕಾರಿ ಹಿ. ಪ್ರಾ. ಶಾಲೆ, ಕಾಸರಗೋಡು, ಕೊಡುಗೆ: ರಾಮಣ್ಣ ರೈ’ (2018) ಇಲ್ಲಿ ಮುಖ್ಯವಾಗಿ ಪರಿಶೀಲನೆಗೆ ಒಳಗಾಗಿವೆ. ಈ ಪರಿಶೀಲನೆಗೆ ಒಂದೇ ಪ್ರಶ್ನೆಯನ್ನು ಕೈದೀಪವಾಗಿ ಹಿಡಿಯಲಾಗಿದೆ. ಒಂದು ಗುಂಪನ್ನು ಕೂಡಿಸಲು ಹೊರಗಿನಿಂದ ಬಂದವನು ಹೊರಟುಹೋದ ಮೇಲೆ ಆ ಗುಂಪಿನ ಗತಿಯೇನು? ಸಮೂಹದ ಬಲವನ್ನು ಕುರಿತ ಚಿತ್ರವೊಂದರ ನಿಜವಾದ ಪರೀಕ್ಷೆ ಈ ಪ್ರಶ್ನೆಯಲ್ಲಿದೆ ಎಂಬುದು ಲೇಖನದ ನಿಲುವು. ಹೊರನಾಡಿನಲ್ಲಿ ಸಂಘ, ಶಾಲೆ, ಪತ್ರಿಕೆಗಳನ್ನು ಕಟ್ಟಿಕೊಂಡು ಬದುಕಿದ ಕನ್ನಡಿಗರಿಗೆ ಈ ಪ್ರಶ್ನೆ ಕೇವಲ ಚಿತ್ರಮಂದಿರದ ಪ್ರಶ್ನೆಯಲ್ಲ ಎಂಬುದನ್ನು ಮುಂದೆ ನೋಡಬಹುದು.

ನಾಯಕನಿಲ್ಲದ ಕಥನ

ಅನೇಕರನ್ನು ಕೇಂದ್ರವಾಗಿಟ್ಟುಕೊಂಡ ಕಥನ ಕನ್ನಡಕ್ಕೆ ಹೊಸದಲ್ಲ. ಕುವೆಂಪು ಅವರ ‘ಮಲೆಗಳಲ್ಲಿ ಮದುಮಗಳು’ (1967) ಕಾದಂಬರಿಯಲ್ಲಿ ಒಬ್ಬನೇ ನಾಯಕನನ್ನು ಗುರುತಿಸಹೊರಟವರು ಸೋಲುತ್ತಾರೆ. ಅಲ್ಲಿ ಕಾಡು, ಕೇರಿ, ನಾಯಿ, ಜೀತದಾಳು, ಒಡೆಯ ಎಲ್ಲರಿಗೂ ಅವರವರ ಪಾಲಿನ ಬೆಳಕಿದೆ. ಬದುಕಿನಲ್ಲಿಯೂ ನಮಗೆ ಇದರ ಪರಿಚಯವಿದೆ. ಈ ವಾರ ನಿನ್ನ ಹೊಲಕ್ಕೆ ನಾನು, ಮುಂದಿನ ವಾರ ನನ್ನ ಹೊಲಕ್ಕೆ ನೀನು ಎಂಬ ಮುಯ್ಯಾಳಿನ ಪದ್ಧತಿಯಲ್ಲಿ ಕೂಲಿಯ ಮಾತಿಲ್ಲ, ನಂಬಿಕೆಯ ಮಾತಿದೆ. 1904ರ ಸಹಕಾರ ಕಾಯಿದೆಯ ಮರುವರ್ಷವೇ, 1905ರಲ್ಲಿ, ಗದುಗಿನ ಬಳಿಯ ಕಣಗಿನಹಾಳದಲ್ಲಿ ಸಿದ್ದನಗೌಡ ಸಣ್ಣರಾಮನಗೌಡ ಪಾಟೀಲರ ನೇತೃತ್ವದಲ್ಲಿ ಕೃಷಿ ಪತ್ತಿನ ಸಹಕಾರ ಸಂಘ ಸ್ಥಾಪನೆಯಾದದ್ದನ್ನೂ ಈ ಸಂದರ್ಭದಲ್ಲಿ ನೆನೆಯಬೇಕು. ಹನಿ ಹನಿ ಗೂಡಿದರೆ ಹಳ್ಳ ಎಂಬ ಗಾದೆಯನ್ನು ಕಾನೂನಿನ ಭಾಷೆಗೆ ತಂದ ಕೆಲಸವದು.

ಆದರೆ ಚಲನಚಿತ್ರ ಮಾಧ್ಯಮಕ್ಕೆ ಸಮೂಹದ ಕಥೆ ಸುಲಭದ ತುತ್ತಲ್ಲ. ಕಾದಂಬರಿಕಾರನಿಗೆ ಆರುನೂರು ಪುಟಗಳ ಅವಕಾಶವಿರುತ್ತದೆ. ಚಿತ್ರಕಾರನಿಗೆ ಇರುವುದು ಎರಡು ಮೂರು ಗಂಟೆ. ಆ ಅವಧಿಯಲ್ಲಿ ಏಳು ಜನರನ್ನೋ ಹನ್ನೊಂದು ಜನರನ್ನೋ ಪ್ರೇಕ್ಷಕನಿಗೆ ಪ್ರತ್ಯೇಕವಾಗಿ ಪರಿಚಯಿಸಬೇಕು, ಅವರ ನಡುವಣ ಬಿರುಕುಗಳನ್ನು ತೋರಿಸಬೇಕು, ಆ ಬಿರುಕು ಕೂಡಿಕೊಂಡ ಬಗೆಯನ್ನು ನಂಬುವಂತೆ ಹೇಳಬೇಕು. ಜೊತೆಗೆ ಕ್ಯಾಮರಾ ಎಂಬ ಯಂತ್ರ ಮೂಲತಃ ಮುಖವನ್ನು ಪ್ರೀತಿಸುತ್ತದೆ. ಒಂದು ಮುಖಕ್ಕೆ ಹತ್ತಿರವಾದಷ್ಟೂ ಉಳಿದ ಮುಖಗಳು ಚೌಕಟ್ಟಿನಿಂದ ಹೊರಗುಳಿಯುತ್ತವೆ. ಆದ್ದರಿಂದ ಸಮೂಹವನ್ನು ತೋರಿಸುವುದು ಇಲ್ಲಿ ಕಥೆಯ ಪ್ರಶ್ನೆ ಮಾತ್ರವಾಗಿರದೆ ಚೌಕಟ್ಟಿನ ಪ್ರಶ್ನೆಯೂ ಆಗಿದೆ.

ಏಳು ಯೋಧರ ಮಾದರಿ

ಈ ಬಗೆಯ ಚಿತ್ರಗಳ ವ್ಯಾಕರಣವನ್ನು ಮೊದಲು ಖಚಿತವಾಗಿ ರೂಪಿಸಿದ ಕೀರ್ತಿ ಕುರೊಸಾವಾಗೆ ಸಲ್ಲುತ್ತದೆ. ಹದಿನಾರನೆಯ ಶತಮಾನದ ಜಪಾನ್. ಪ್ರತಿ ಸುಗ್ಗಿಯಲ್ಲೂ ದರೋಡೆಕೋರರಿಂದ ಬೆಳೆ ಕಳೆದುಕೊಳ್ಳುವ ಒಂದು ಬಡ ಹಳ್ಳಿ. ಹಳ್ಳಿಯ ಹಿರಿಯನ ಸಲಹೆಯಂತೆ ರೈತರು ಅನ್ನವನ್ನೇ ಸಂಬಳವಾಗಿ ಕೊಟ್ಟು ಏಳು ಮಂದಿ ಒಡೆಯನಿಲ್ಲದ ಯೋಧರನ್ನು ಕರೆತರುತ್ತಾರೆ. ಸುಮಾರು ಮೂರೂವರೆ ಗಂಟೆಗಳ ಈ ಚಿತ್ರದ ಮೊದಲರ್ಧವೆಲ್ಲ ಯೋಧರನ್ನು ಆಯ್ದುಕೊಳ್ಳುವುದಕ್ಕೂ ಹಳ್ಳಿಯನ್ನು ಸಿದ್ಧಗೊಳಿಸುವುದಕ್ಕೂ ಮೀಸಲಾಗಿದೆ. ಬಾಗಿಲ ಮರೆಯಲ್ಲಿ ದೊಣ್ಣೆ ಹಿಡಿದು ನಿಂತವನ ಹೊಡೆತವನ್ನು ಒಬ್ಬೊಬ್ಬ ಯೋಧ ಎದುರಿಸುವ ರೀತಿಯಿಂದಲೇ ಅವನ ಸ್ವಭಾವ ನಮಗೆ ತಿಳಿದುಬಿಡುತ್ತದೆ. ಕೌಶಲವನ್ನು ಅಳೆಯುವ ನೆಪದಲ್ಲಿ ವ್ಯಕ್ತಿತ್ವವನ್ನು ಪರಿಚಯಿಸುವ ಈ ವಿಧಾನವನ್ನು ಮುಂದೆ ಎಷ್ಟೋ ಚಿತ್ರಗಳು ಅನುಸರಿಸಿದವು. ಅಮೆರಿಕದಲ್ಲಿ ಇದು 1960ರಲ್ಲಿ ‘ದಿ ಮ್ಯಾಗ್ನಿಫಿಸೆಂಟ್ ಸೆವೆನ್’ ಆಗಿ ಮರುಹುಟ್ಟು ಪಡೆಯಿತು. ರಾಮನಗರದ ಬಂಡೆಗಳ ನಡುವೆ ಚಿತ್ರಿತವಾದ ‘ಶೋಲೆ’ಯಲ್ಲಿಯೂ (1975) ಇದರ ನೆರಳನ್ನು ಕಾಣಬಹುದು.

ಕುರೊಸಾವಾನ ಹಿರಿಮೆ ಇರುವುದು ಒಗ್ಗಟ್ಟನ್ನು ಸವಿಯಾಗಿ ತೋರಿಸಿದ್ದರಲ್ಲಲ್ಲ. ಅದರ ಬೆಲೆಯನ್ನು ಮುಚ್ಚಿಡದಿದ್ದುದರಲ್ಲಿ. ಹಳ್ಳಿಯ ರಕ್ಷಣೆಗಾಗಿ ಸೇತುವೆಯಾಚೆಯ ಮೂರು ಮನೆಗಳನ್ನು ಬಿಟ್ಟುಕೊಡಬೇಕೆಂದು ನಿಶ್ಚಯವಾದಾಗ ಆ ಮನೆಗಳವರು ಸಿಟ್ಟಿನಿಂದ ಗುಂಪನ್ನು ತೊರೆಯುತ್ತಾರೆ. ಆಗ ಯೋಧರ ಹಿರಿಯನಾದ ಕಂಬೇಯಿ ಕತ್ತಿಯನ್ನು ಹಿರಿದು ಅವರನ್ನು ಮರಳಿ ಸಾಲಿಗೆ ನಿಲ್ಲಿಸುತ್ತಾನೆ. ಮೂರು ಮನೆಗಾಗಿ ಇಪ್ಪತ್ತು ಮನೆಗಳನ್ನು ಕಳೆದುಕೊಳ್ಳಲಾಗದು ಎಂಬುದು ಅವನ ತರ್ಕ. ತರ್ಕ ಸರಿಯಾದುದೇ, ಆದರೆ ಆ ಮೂರು ಮನೆಗಳ ಕಡೆಯಿಂದ ನೋಡಿದಾಗ ಒಗ್ಗಟ್ಟು ಎಂಬ ಮಾತು ಎಷ್ಟು ಕಠೋರವಾಗಿರಬಲ್ಲುದು ಎಂಬುದನ್ನು ಆ ಒಂದು ದೃಶ್ಯ ಹೇಳುತ್ತದೆ. ಹಾಗೆಯೇ ರೈತರೂ ಇಲ್ಲಿ ಮುಗ್ಧರಲ್ಲ. ಅವರು ಧಾನ್ಯವನ್ನು ಬಚ್ಚಿಡುತ್ತಾರೆ; ಸೋತು ಓಡಿಬಂದ ಯೋಧರನ್ನು ಹಿಂದೆ ಕೊಂದು ಕವಚ ಕಿತ್ತುಕೊಂಡಿರುತ್ತಾರೆ. ರೈತನ ಮಗನಾಗಿ ಹುಟ್ಟಿ ಯೋಧನ ವೇಷ ಧರಿಸಿದ ಕಿಕುಚಿಯೋ ಆ ಕಪಟವನ್ನೂ, ಆ ಕಪಟಕ್ಕೆ ರೈತರನ್ನು ದೂಡಿದ ಯೋಧವರ್ಗದ ಕ್ರೌರ್ಯವನ್ನೂ ಒಂದೇ ಉಸಿರಿನಲ್ಲಿ ಬಯಲಿಗೆಳೆಯುತ್ತಾನೆ.

ಚಿತ್ರದಲ್ಲಿ ಬರುವ ಬಾವುಟವೊಂದನ್ನು ಇಲ್ಲಿ ವಿಶೇಷವಾಗಿ ಗಮನಿಸಬಹುದು. ಅದರಲ್ಲಿ ಆರು ಯೋಧರಿಗೆ ಆರು ವೃತ್ತಗಳು, ಅತ್ತ ಯೋಧನೂ ಅಲ್ಲದ ಇತ್ತ ರೈತನೂ ಅಲ್ಲದ ಕಿಕುಚಿಯೋಗೆ ಒಂದು ತ್ರಿಕೋನ, ಕೆಳಗೆ ರೈತರಿಗಾಗಿ ಒಂದು ಅಕ್ಷರ. ಸಮೂಹವೆಂದರೆ ಎಲ್ಲರೂ ಒಂದೇ ಆಕಾರಕ್ಕೆ ಬರುವುದಲ್ಲ, ತ್ರಿಕೋನವಾಗಿ ಉಳಿದವನಿಗೂ ಬಟ್ಟೆಯ ಮೇಲೆ ಜಾಗವಿರುವುದು ಎಂಬ ಅರ್ಥ ಅದರಿಂದ ಹೊರಡುತ್ತದೆ. ಕೊನೆಗೆ ಏಳು ಜನರಲ್ಲಿ ನಾಲ್ವರು ಸಾಯುತ್ತಾರೆ. ಬದುಕುಳಿದವರು ಗೋರಿಗಳ ಬಳಿ ನಿಂತಿರುವಾಗ ರೈತರು ಹಾಡುತ್ತ ನಾಟಿ ಮಾಡುತ್ತಿರುತ್ತಾರೆ. ಗೆಲುವು ರೈತರದು, ತಮ್ಮದಲ್ಲ ಎಂಬ ಅರಿವು ಕಂಬೇಯಿಗೆ ಮೂಡುತ್ತದೆ. ಬಂದವರಿಗೆ ಹಳ್ಳಿಯಲ್ಲಿ ಇನ್ನು ಕೆಲಸವಿಲ್ಲ. ನಮ್ಮ ಪ್ರಶ್ನೆಗೆ ಕುರೊಸಾವಾ ಕೊಡುವ ಉತ್ತರವಿದು: ಬಂದವನು ಹೋದ ಮೇಲೂ ನಾಟಿ ನಿಲ್ಲುವುದಿಲ್ಲ.

ಎರಡು ರೂಪಾಯಿಯ ನಿರ್ಮಾಪಕರು

ಭಾರತದಲ್ಲಿ ಈ ವಸ್ತುವಿಗೆ ಒದಗಿದ ಅತ್ಯಂತ ಗಂಭೀರವಾದ ರೂಪ ‘ಮಂಥನ್’. ಇದರ ಕಥೆಯಷ್ಟೇ ಇದರ ಹುಟ್ಟೂ ಕುತೂಹಲಕರವಾದುದು. ಗುಜರಾತಿನ ಸಹಕಾರಿ ಹಾಲು ಮಾರಾಟ ಮಹಾಮಂಡಲದ ಐದು ಲಕ್ಷ ರೈತರು ತಲಾ ಎರಡು ರೂಪಾಯಿ ಕೊಟ್ಟು, ಹಾಗೆ ಕೂಡಿದ ಹತ್ತು ಲಕ್ಷ ರೂಪಾಯಿಯಿಂದ ಈ ಚಿತ್ರ ತಯಾರಾಯಿತು. ಸಮೂಹವನ್ನು ಕುರಿತ ಚಿತ್ರವೊಂದನ್ನು ಸಮೂಹವೇ ನಿರ್ಮಿಸಿದ್ದು ಹೀಗೆ. ಚಿತ್ರ ಬಿಡುಗಡೆಯಾದಾಗ ತಮ್ಮ ಚಿತ್ರವನ್ನು ನೋಡಲು ರೈತರು ಹಳ್ಳಿಗಳಿಂದ ಲಾರಿಗಳಲ್ಲಿ ಬಂದರು. ವಿಜಯ ತೆಂಡೂಲ್ಕರ್ ಅವರ ಚಿತ್ರಕಥೆ, ಕೈಫಿ ಆಜ್ಮಿ ಅವರ ಸಂಭಾಷಣೆ, ಗೋವಿಂದ ನಿಹಲಾನಿ ಅವರ ಛಾಯಾಗ್ರಹಣ, ವನರಾಜ್ ಭಾಟಿಯಾ ಅವರ ಸಂಗೀತ ಇದಕ್ಕೆ ಕೂಡಿಬಂದವು. ಹಿಂದಿಯ ಅತ್ಯುತ್ತಮ ಕಥಾಚಿತ್ರವೆಂಬ ರಾಷ್ಟ್ರಪ್ರಶಸ್ತಿಯೂ ತೆಂಡೂಲ್ಕರ್ ಅವರಿಗೆ ಚಿತ್ರಕಥೆಯ ರಾಷ್ಟ್ರಪ್ರಶಸ್ತಿಯೂ ದೊರೆತವು.

ಹಿನ್ನೆಲೆಯಲ್ಲಿರುವ ಇತಿಹಾಸವನ್ನು ಸಂಕ್ಷೇಪವಾಗಿ ನೆನೆಯುವುದು ಅವಶ್ಯ. ಖೇಡಾ ಜಿಲ್ಲೆಯ ಹಾಲು ಮುಂಬೈಗೆ ಬರುತ್ತಿದ್ದ ಕಾಲದಲ್ಲಿ ಲಾಭ ಖಾಸಗಿ ಡೈರಿಗೂ ದಲ್ಲಾಳಿಗಳಿಗೂ ಸೇರುತ್ತಿತ್ತು. ಸರದಾರ್ ಪಟೇಲರ ಸಲಹೆ, ತ್ರಿಭುವನದಾಸ್ ಪಟೇಲರ ನಾಯಕತ್ವ, ರೈತರು ಹದಿನೈದು ದಿನ ಹಾಲು ಮಾರದೆ ನಡೆಸಿದ ಮುಷ್ಕರ ಇವುಗಳ ಫಲವಾಗಿ 1946ರ ಡಿಸೆಂಬರ್ 14ರಂದು ಖೇಡಾ ಜಿಲ್ಲಾ ಸಹಕಾರಿ ಹಾಲು ಉತ್ಪಾದಕರ ಒಕ್ಕೂಟ ನೋಂದಣಿಯಾಯಿತು. ಆರಂಭದಲ್ಲಿ ಇದ್ದುದು ಎರಡು ಹಳ್ಳಿಗಳ ಸಂಘ, ದಿನಕ್ಕೆ 247 ಲೀಟರ್ ಹಾಲು. 1949ರಲ್ಲಿ ಆನಂದ್ ಪಟ್ಟಣಕ್ಕೆ ಬಂದ ವರ್ಗೀಸ್ ಕುರಿಯನ್ ಅದನ್ನು ದೇಶದ ಮಾದರಿಯಾಗಿ ಬೆಳೆಸಿದರು. ಹಳ್ಳಿಯಲ್ಲಿ ಸಂಘ, ಜಿಲ್ಲೆಯಲ್ಲಿ ಒಕ್ಕೂಟ, ರಾಜ್ಯದಲ್ಲಿ ಮಹಾಮಂಡಲ ಎಂಬ ಮೂರು ಹಂತದ ಈ ವ್ಯವಸ್ಥೆಯೇ ಕರ್ನಾಟಕದಲ್ಲಿಯೂ ಬೇರೂರಿ ‘ನಂದಿನಿ’ ಎಂಬ ಹೆಸರಿನಲ್ಲಿ ಮನೆಮಾತಾಯಿತು.

ಚಿತ್ರದ ಕಥೆ ಸರಳವಾಗಿ ಕಾಣುತ್ತದೆ. ಪಶುವೈದ್ಯ ಡಾ. ರಾವ್ ತನ್ನ ತಂಡದೊಡನೆ ಗುಜರಾತಿನ ಒಂದು ಹಳ್ಳಿಗೆ ಬರುತ್ತಾನೆ. ಖಾಸಗಿ ಡೈರಿಯ ಮಿಶ್ರಾ ಹಾಲಿಗೆ ಕೊಡುವ ಬೆಲೆ ಅನ್ಯಾಯದ್ದೆಂಬುದು ಕೊಬ್ಬಿನಂಶದ ಪರೀಕ್ಷೆಯಿಂದ ತಿಳಿಯುತ್ತದೆ. ಸಹಕಾರ ಸಂಘ ಸ್ಥಾಪನೆಯಾಗುತ್ತದೆ. ಗಿರೀಶ ಕಾರ್ನಾಡರು ರಾವ್ ಪಾತ್ರವನ್ನೂ, ಅನಂತನಾಗ್ ಅವನ ಸಹೋದ್ಯೋಗಿ ಚಂದಾವರ್ಕರ್ ಪಾತ್ರವನ್ನೂ, ಸ್ಮಿತಾ ಪಾಟೀಲ್ ಬಿಂದುವಿನ ಪಾತ್ರವನ್ನೂ, ನಾಸಿರುದ್ದೀನ್ ಶಾ ದಲಿತ ಯುವಕ ಭೋಲಾನ ಪಾತ್ರವನ್ನೂ ವಹಿಸಿದ್ದಾರೆ.

ಆದರೆ ಹಳ್ಳಿ ಎಂಬುದು ಒಂದಲ್ಲ ಎಂಬ ಸತ್ಯದಿಂದ ಚಿತ್ರ ನಿಜವಾಗಿ ಆರಂಭವಾಗುತ್ತದೆ. ಊರಿನ ಹಾಲೂ ಕೇರಿಯ ಹಾಲೂ ಒಂದೇ ಪಾತ್ರೆಗೆ ಬೀಳಬೇಕು ಎಂಬುದು ಸಂಘದ ನಿಯಮ. ಹಾಲು ಕೊಡಲು ಒಂದೇ ಸಾಲಿನಲ್ಲಿ ನಿಲ್ಲಬೇಕು ಎಂಬುದು ಇನ್ನೊಂದು ನಿಯಮ. ಆರ್ಥಿಕವಾಗಿ ತೋರುವ ಈ ನಿಯಮಗಳು ಸಾಮಾಜಿಕ ಸ್ಫೋಟಕಗಳಾಗುತ್ತವೆ. ಸಂಘದ ಚುನಾವಣೆಯಲ್ಲಿ ಸರಪಂಚ ಸೋತು ದಲಿತ ಕೇರಿಯವನು ಗೆದ್ದಾಗ, ತನಕ ಸಹಕಾರದ ಪರವಾಗಿದ್ದ ಸರಪಂಚ ಮಿಶ್ರಾನ ಜೊತೆ ಸೇರುತ್ತಾನೆ. ಕೇರಿಯ ಗುಡಿಸಲುಗಳು ಉರಿಯುತ್ತವೆ. ನೆರವಿನ ಸೋಗಿನಲ್ಲಿ ಮಿಶ್ರಾ ಕೇರಿಯವರನ್ನು ಮತ್ತೆ ತನ್ನ ಡೈರಿಗೆ ಎಳೆದುಕೊಳ್ಳುತ್ತಾನೆ. ಬಿಂದುವಿನ ಹೆಬ್ಬೆಟ್ಟನ್ನು ಮೋಸದಿಂದ ಒತ್ತಿಸಿಕೊಂಡು ರಾವ್ ವಿರುದ್ಧ ಸುಳ್ಳು ಆರೋಪ ಹೊರಿಸಲಾಗುತ್ತದೆ. ರಾವ್‌ಗೆ ವರ್ಗಾವಣೆಯ ಆಜ್ಞೆ ಬರುತ್ತದೆ.

ಕೂಡಿಸಲು ಬಂದವರ ದೋಷಗಳನ್ನೂ ಚಿತ್ರ ಬಿಟ್ಟುಕೊಡುವುದಿಲ್ಲ. ಚಂದಾವರ್ಕರ್ ಕೇರಿಯ ಹುಡುಗಿಯೊಬ್ಬಳೊಡನೆ ಬೆಳೆಸಿದ ಸಂಬಂಧ ಇಡೀ ತಂಡದ ಮೇಲಿನ ನಂಬಿಕೆಯನ್ನು ಕೆಡಿಸುತ್ತದೆ. ರಾವ್ ಅವನನ್ನು ಊರಿನಿಂದ ಕಳಿಸಿಬಿಡುತ್ತಾನೆ. ಪಟ್ಟಣದ ಗುತ್ತಿಗೆದಾರನೊಬ್ಬನಿಂದ ವಂಚಿತಳಾದ ತಾಯಿಯ ಮಗ ಭೋಲಾ. ಪಟ್ಟಣದಿಂದ ಬಂದವರೆಲ್ಲರನ್ನೂ ಅವನು ಸಂಶಯದಿಂದ ನೋಡುವುದಕ್ಕೆ ಕಾರಣವಿದೆ, ಆ ಕಾರಣ ಚಂದಾವರ್ಕರ್‌ನ ನಡತೆಯಿಂದ ಮತ್ತೆ ದೃಢವಾಗುತ್ತದೆ. ರಾವ್ ಸಜ್ಜನನೇ. ಆದರೆ ತನ್ನ ಸಜ್ಜನಿಕೆಯ ಅವಸರದಲ್ಲಿ ಹಳ್ಳಿಯ ನೂರಾರು ವರ್ಷಗಳ ಗಾಯವನ್ನು ಕೆಲವು ತಿಂಗಳಲ್ಲಿ ಮಾಯಿಸಬಹುದೆಂದು ನಂಬಿದವನು.

ಕೊನೆಯ ದೃಶ್ಯ ಈ ಲೇಖನದ ಪ್ರಶ್ನೆಗೆ ನೇರವಾಗಿ ಸಂಬಂಧಿಸಿದ್ದು. ರಾವ್ ಹೆಂಡತಿಯೊಡನೆ ರೈಲು ಹತ್ತುತ್ತಾನೆ. ಅವನನ್ನು ತಡೆಯಲು ಭೋಲಾ ಓಡಿಬರುತ್ತಾನೆ, ರೈಲು ಹೊರಟುಹೋಗುತ್ತದೆ. ಇಲ್ಲಿಗೆ ಮುಗಿದಿದ್ದರೆ ಇದು ಒಬ್ಬ ಆದರ್ಶವಾದಿಯ ದುರಂತವಾಗುತ್ತಿತ್ತು. ಆದರೆ ಚಿತ್ರ ರೈಲಿನ ಜೊತೆ ಹೋಗುವುದಿಲ್ಲ, ಭೋಲಾನ ಜೊತೆ ಹಳ್ಳಿಗೆ ಮರಳುತ್ತದೆ. ಅವನು ಜನರನ್ನು ಕರೆಯುತ್ತಾನೆ. ಕೆಲವರು ಹಾಲಿನ ಪಾತ್ರೆ ಹಿಡಿದು ಬರುತ್ತಾರೆ. ಎಲ್ಲರೂ ಬರುವುದಿಲ್ಲ. ಆ ಕೆಲವರೇ ಚಿತ್ರದ ಗೆಲುವು.

ಇದನ್ನು ನಾಲ್ಕು ವರ್ಷ ಹಿಂದಿನ ‘ಬಂಗಾರದ ಮನುಷ್ಯ’ (1972) ಚಿತ್ರದೊಡನೆ ಹೋಲಿಸಿ ನೋಡಬಹುದು. ಟಿ.ಕೆ. ರಾಮರಾವ್ ಅವರ ಕಾದಂಬರಿಯನ್ನು ಆಧರಿಸಿ ಸಿದ್ಧಲಿಂಗಯ್ಯನವರು ನಿರ್ದೇಶಿಸಿದ ಆ ಚಿತ್ರದಲ್ಲಿಯೂ ಊರಿನ ಏಳಿಗೆಗೆ ದುಡಿದ ರಾಜೀವ ಕೊನೆಗೆ ನೊಂದು ಹೊರಟುಹೋಗುತ್ತಾನೆ. ಆದರೆ ಅಲ್ಲಿ ನಮ್ಮ ಕಣ್ಣೀರು ಹೊರಟವನ ಬೆನ್ನ ಹಿಂದೆ ಹೋಗುತ್ತದೆ. ಉಳಿದವರ ಪಾಲಿಗೆ ಬರುವುದು ಪಶ್ಚಾತ್ತಾಪ. ‘ಮಂಥನ್’ನಲ್ಲಿ ಉಳಿದವರ ಪಾಲಿಗೆ ಬರುವುದು ಕೆಲಸ. ಎರಡೂ ದೊಡ್ಡ ಚಿತ್ರಗಳೇ. ಒಂದು ತ್ಯಾಗದ ಕಥೆ, ಇನ್ನೊಂದು ಉತ್ತರಾಧಿಕಾರದ ಕಥೆ ಎಂಬ ವ್ಯತ್ಯಾಸವನ್ನಷ್ಟೇ ಇಲ್ಲಿ ಸೂಚಿಸಲಾಗಿದೆ.

ನಿಜಜೀವನ ಚಿತ್ರಕ್ಕಿಂತ ಬೇರೆಯಾಗಿತ್ತು ಎಂಬುದೂ ಗಮನಾರ್ಹ. ಕೇರಳದ ಕೋಳಿಕ್ಕೋಡಿನಲ್ಲಿ ಹುಟ್ಟಿದ ಕುರಿಯನ್ ಆನಂದ್‌ಗೆ ಬಂದು ಹಿಂದಿರುಗಲಿಲ್ಲ. 2012ರಲ್ಲಿ ತೀರಿಕೊಳ್ಳುವವರೆಗೆ ಅದೇ ಅವರ ಊರಾಗಿತ್ತು. ಬಂದವನು ಉಳಿದ ಊರಿನ ಕಥೆಯಿಂದ ಬಂದವನು ಹೋಗುವ ಚಿತ್ರವನ್ನು ಕಟ್ಟಿದ್ದು ಬೆನಗಲ್ ಮತ್ತು ತೆಂಡೂಲ್ಕರ್ ಅವರ ವಿವೇಕ. ಸಹಕಾರ ಚಳವಳಿಯನ್ನು ಬೇರೆ ರಾಜ್ಯಗಳಿಗೆ ಹಬ್ಬಿಸುವಾಗ ಕುರಿಯನ್ ಈ ಚಿತ್ರದ ಪ್ರತಿಗಳನ್ನು ಹಳ್ಳಿಹಳ್ಳಿಗೆ ಕಳಿಸಿ ತೋರಿಸಿದರು. ಎಲ್ಲ ಊರಿಗೂ ಒಬ್ಬೊಬ್ಬ ಕುರಿಯನ್ ದೊರೆಯುವುದು ಅಸಾಧ್ಯವಾದುದರಿಂದ, ಭೋಲಾನಂಥವರಿಗಾಗಿಯೇ ಮಾಡಿದ ಚಿತ್ರ ಅವರಿಗೆ ಉಪಯುಕ್ತವಾಗಿ ಕಂಡಿದ್ದರೆ ಆಶ್ಚರ್ಯವಿಲ್ಲ. ಜೀರ್ಣೋದ್ಧಾರಗೊಂಡ ಪ್ರತಿ 2024ರ ಮೇ ತಿಂಗಳಲ್ಲಿ ಕಾನ್ ಚಿತ್ರೋತ್ಸವದಲ್ಲಿ ಪ್ರದರ್ಶಿತವಾಯಿತು. ಅದೇ ವರ್ಷದ ಡಿಸೆಂಬರ್ 23ರಂದು ಬೆನಗಲ್ ನಿಧನರಾದರು.

ಕೊನೆಯ ಹೊಡೆತ ಯಾರದು?

‘ಲಗಾನ್’ ಇದೇ ವಸ್ತುವಿನ ಉತ್ಸವರೂಪ. 1893ರ ಕಾಲ; ಚಂಪಾನೇರ್ ಎಂಬ ಕಲ್ಪಿತ ಹಳ್ಳಿ; ಮಳೆಯಿಲ್ಲದ ವರ್ಷ. ಕ್ರಿಕೆಟ್ ಪಂದ್ಯದಲ್ಲಿ ಹಳ್ಳಿಗರು ಗೆದ್ದರೆ ಮೂರು ವರ್ಷದ ಕಂದಾಯ ಮನ್ನಾ, ಸೋತರೆ ಮೂರು ಪಟ್ಟು ಕಂದಾಯ ಎಂಬುದು ಬ್ರಿಟಿಷ್ ಅಧಿಕಾರಿಯ ಪಂಥ. ಹನ್ನೊಂದು ಜನರನ್ನು ಕೂಡಿಸುವ ಭಾಗದಲ್ಲಿ ಕುರೊಸಾವಾನ ಮಾದರಿ ಸ್ಪಷ್ಟವಾಗಿದೆ. ಒಬ್ಬೊಬ್ಬನ ಕಸುಬೇ ಅವನ ಆಟವಾಗುತ್ತದೆ. ಕೋಳಿ ಹಿಡಿಯುವವನು ಚೆಂಡು ಹಿಡಿಯುತ್ತಾನೆ. ಕವಣೆ ಬೀಸುವವನು ಚೆಂಡು ಎಸೆಯುತ್ತಾನೆ. ಅಸ್ಪೃಶ್ಯನಾದ ಕಚ್ರಾನನ್ನು ಸೇರಿಸಿಕೊಳ್ಳಲು ಉಳಿದವರು ಒಪ್ಪದಿದ್ದಾಗ ನಾಯಕ ಭುವನ್ ಅವರನ್ನು ಎದುರಿಸಿ ಮಾತನಾಡುತ್ತಾನೆ. ಮುಂದೆ ಕಚ್ರಾನ ಊನವಾದ ಕೈಯೇ ಚೆಂಡನ್ನು ತಿರುಗಿಸುವ ಅಸ್ತ್ರವಾಗುತ್ತದೆ.

ಈ ಚಿತ್ರ ಕೊಡುವ ಸಂತೋಷ ಸಾಚಾ ಆದುದು; ಅದನ್ನು ಅಲ್ಲಗಳೆಯಬೇಕಾಗಿಲ್ಲ. ಆದರೂ ‘ಮಂಥನ್’ನ ನಂತರ ಇದನ್ನು ನೋಡುವವರಿಗೆ ಎರಡು ವಿಷಯಗಳು ತೋರುತ್ತವೆ. ಮೊದಲನೆಯದಾಗಿ, ಜಾತಿಯ ಗಾಯ ಇಲ್ಲಿ ಒಂದು ಭಾಷಣದಿಂದ ಮಾಯುತ್ತದೆ. ಕಚ್ರಾ ತನ್ನ ಪರವಾಗಿ ತಾನೇ ಮಾತನಾಡುವುದಿಲ್ಲ. ಭೋಲಾನಿಗೆ ಇದ್ದ ಸಿಟ್ಟು ಅವನಿಗಿಲ್ಲ. ಎರಡನೆಯದಾಗಿ, ಕೊನೆಯ ಗಳಿಗೆಯಲ್ಲಿ ಕಚ್ರಾ ಬ್ಯಾಟು ಹಿಡಿದು ನಿಂತಿದ್ದಾಗ ಆಟದ ನಿಯಮವೊಂದರ ಸಹಾಯದಿಂದ ಸರದಿ ಭುವನ್‌ಗೆ ಬರುತ್ತದೆ, ಗೆಲುವಿನ ಹೊಡೆತ ನಾಯಕನಟನಿಗೇ ಮೀಸಲಾಗುತ್ತದೆ. ಹನ್ನೊಂದು ಜನರ ಕಥೆ ಒಬ್ಬನ ಬ್ಯಾಟಿನಲ್ಲಿ ಮುಗಿಯುತ್ತದೆ. ಜನಪ್ರಿಯ ಚಿತ್ರಕ್ಕೆ ತಾರೆಯ ಅಗತ್ಯವಿದೆ, ಸಮೂಹದ ಕಥೆಗೆ ತಾರೆಯೇ ತೊಡಕು. ಈ ಬಿಕ್ಕಟ್ಟನ್ನು ಶಿಮಿತ್ ಅಮೀನ್ ಅವರ ‘ಚಕ್ ದೇ! ಇಂಡಿಯಾ’ (2007) ಸ್ವಲ್ಪ ಜಾಣತನದಿಂದ ನಿಭಾಯಿಸಿತು. ಅಲ್ಲಿ ತಾರೆ ಹಾಕಿ ಮೈದಾನದ ಹೊರಗೆ ತರಬೇತುದಾರನಾಗಿ ನಿಲ್ಲುತ್ತಾನೆ; ಆಡಿ ಗೆಲ್ಲುವವರು ಬೇರೆ ಬೇರೆ ರಾಜ್ಯಗಳ ಹೆಣ್ಣುಮಕ್ಕಳು. ಅವರು ತಂಡವಾಗುವುದು ಅವನ ಉಪದೇಶದಿಂದಲ್ಲ. ತಮ್ಮಲ್ಲೊಬ್ಬಳನ್ನು ಕೆಣಕಿದವರ ಮೇಲೆ ಎಲ್ಲರೂ ಒಟ್ಟಿಗೆ ತಿರುಗಿಬಿದ್ದ ದಿನ ಅವರು ತಂಡವಾಗುತ್ತಾರೆ. ಆ ಹೊತ್ತಿನಲ್ಲಿ ತರಬೇತುದಾರ ಕೈಕಟ್ಟಿ ಕುಳಿತಿರುತ್ತಾನೆ.

ಶಾಲೆಯ ನಾಮಫಲಕ

ಹೊರನಾಡ ಕನ್ನಡಿಗರಿಗೆ ಇನ್ನಷ್ಟು ಹತ್ತಿರವಾದ ಚಿತ್ರ ರಿಷಬ್ ಶೆಟ್ಟಿ ಅವರದು. ಅದರ ಹೆಸರೇ ಒಂದು ನಾಮಫಲಕ. ‘ಕೊಡುಗೆ: ರಾಮಣ್ಣ ರೈ’ ಎಂಬ ಕೊನೆಯ ಭಾಗವನ್ನು ಜನ ನಗುತ್ತ ಓದುತ್ತಾರೆ. ಆದರೆ ನಮ್ಮ ಕಡೆಯ ಯಾವ ಶಾಲೆಯ ಗೋಡೆ, ಗಡಿಯಾರ, ಬೆಂಚು ನೋಡಿದರೂ ಇಂತಹ ಒಂದು ಹೆಸರಿರುತ್ತದೆ. ಸರ್ಕಾರದ ಶಾಲೆಯೂ ಊರಿನವರ ಕೊಡುಗೆಯಿಂದ ನಿಂತದ್ದು ಎಂಬ ಅರ್ಥ ಅದರಲ್ಲಡಗಿದೆ. ಗುಜರಾತಿನ ರೈತರ ಎರಡು ರೂಪಾಯಿಗೂ ಈ ಕೊಡುಗೆಗೂ ಕುಲ ಒಂದೇ.

ಕಾಸರಗೋಡಿನ ಹಿನ್ನೆಲೆ ಈ ಸಂಪುಟದ ಓದುಗರಿಗೆ ತಿಳಿಯದ್ದೇನೂ ಅಲ್ಲ. ಗೋವಿಂದ ಪೈ, ಕಯ್ಯಾರ ಕಿಞ್ಞಣ್ಣ ರೈ ಅವರ ನಾಡು 1956ರ ನವೆಂಬರ್ 1ರಂದು ಕೇರಳಕ್ಕೆ ಸೇರಿತು. 1967ರಲ್ಲಿ ಬಂದ ಮಹಾಜನ ಆಯೋಗದ ವರದಿ ಅದರ ಬಹುಭಾಗವನ್ನು ಕರ್ನಾಟಕಕ್ಕೆ ಸೇರಿಸಬೇಕೆಂದು ಹೇಳಿದರೂ ಅದು ಜಾರಿಗೆ ಬರಲಿಲ್ಲ. ಹುಟ್ಟಿದ ಮನೆಯಿಂದ ಕದಲದೆಯೇ ಹೊರನಾಡಿಗರಾದ ಕನ್ನಡಿಗರು ಇವರು. ಚಿತ್ರದಲ್ಲಿ ಕನ್ನಡ ಮಾಧ್ಯಮದ ಶಾಲೆಗೆ ಕನ್ನಡ ತಿಳಿಯದ ಗಣಿತದ ಅಧ್ಯಾಪಕ ಬರುತ್ತಾನೆ. ಮಕ್ಕಳಿಗೆ ಲೆಕ್ಕ ಅರ್ಥವಾಗುವುದಿಲ್ಲ. ಮುಂದೆ ಶಾಲೆಯೇ ಮುಚ್ಚಿಹೋಗುತ್ತದೆ. ಮಕ್ಕಳೂ ಊರವರೂ ಸೇರಿ ಮೈಸೂರಿನಿಂದ ಅನಂತಪದ್ಮನಾಭ ಎಂಬ ಹಿರಿಯರನ್ನು ಕರೆತರುತ್ತಾರೆ. ವಿಷಯ ನ್ಯಾಯಾಲಯಕ್ಕೆ ಹೋಗುತ್ತದೆ. ಈ ಚಿತ್ರ ಅತ್ಯುತ್ತಮ ಮಕ್ಕಳ ಚಿತ್ರವೆಂಬ ರಾಷ್ಟ್ರಪ್ರಶಸ್ತಿಯನ್ನು ಪಡೆಯಿತು.

ಅನಂತಪದ್ಮನಾಭನ ಪಾತ್ರ ವಹಿಸಿದವರು ಅನಂತನಾಗ್. ಮುಂಬೈಯ ರಂಗಭೂಮಿಯಲ್ಲಿ ಪಳಗಿದ ಇದೇ ನಟ ನಲವತ್ತೆರಡು ವರ್ಷಗಳ ಹಿಂದೆ ‘ಮಂಥನ್’ನಲ್ಲಿ ಹೊರಗಿನಿಂದ ಬಂದು ಗುಂಪಿನ ನಂಬಿಕೆಯನ್ನು ಕೆಡಿಸಿದವನಾಗಿದ್ದರು, ಇಲ್ಲಿ ಹೊರಗಿನಿಂದ ಬಂದು ಗುಂಪಿಗೆ ದನಿಯಾಗುತ್ತಾರೆ. ಇದು ಕಾಕತಾಳೀಯವೇ ಇರಬಹುದು. ಆದರೆ ಎರಡು ಚಿತ್ರಗಳನ್ನು ಒಟ್ಟಿಗಿಟ್ಟು ನೋಡುವವರಿಗೆ ಹೊರಗಿನವನು ಒಡೆಯಲೂ ಬಲ್ಲ, ಕೂಡಿಸಲೂ ಬಲ್ಲ ಎಂಬ ಮಾತಿಗೆ ಒಂದೇ ಮುಖ ಸಾಕ್ಷಿಯಾಗಿ ನಿಲ್ಲುತ್ತದೆ.

ಚಿತ್ರದ ಶಕ್ತಿ ಇರುವುದು ಅದರ ಮೊದಲ ಭಾಗದಲ್ಲಿ. ಅಲ್ಲಿ ಮಕ್ಕಳು, ಅಡುಗೆಯವರು, ಮೇಷ್ಟರು, ಊರ ಉಡಾಳರು ಎಲ್ಲರೂ ಗಡಿನಾಡಿನ ಕನ್ನಡದಲ್ಲಿ ಮಾತನಾಡುತ್ತ ಒಂದು ಶಾಲೆಯನ್ನು ಬದುಕುತ್ತಾರೆ. ಭಾಷೆ ಎಂಬುದು ಅಭಿಮಾನದ ಘೋಷಣೆಯಾಗುವ ಮುನ್ನ ಗಣಿತ ಅರ್ಥವಾಗುವುದು, ಗೆಳೆಯನನ್ನು ಅಣಕಿಸುವುದು, ಮೊದಲ ಪ್ರೀತಿಯ ಚೀಟಿ ಬರೆಯುವುದು ಎಂಬುದನ್ನು ಅದು ನೆನಪಿಸುತ್ತದೆ. ಮಿತಿ ಇರುವುದು ಕೊನೆಯಲ್ಲಿ. ನ್ಯಾಯಾಲಯದಲ್ಲಿ ಒಬ್ಬರ ವಾಗ್ಮಿತೆ ಇಡೀ ಊರಿನ ಹೋರಾಟದ ಸ್ಥಾನವನ್ನು ಆಕ್ರಮಿಸಿಕೊಳ್ಳುತ್ತದೆ. ನಾವು ಚಪ್ಪಾಳೆ ತಟ್ಟುತ್ತೇವೆ. ಆದರೆ ತೀರ್ಪು ಬಂದ ಮರುವರ್ಷ ಜೂನ್ ತಿಂಗಳಲ್ಲಿ ಆ ಶಾಲೆಯ ಒಂದನೆಯ ತರಗತಿಗೆ ಎಷ್ಟು ಮಕ್ಕಳು ಸೇರಿದರು? ಆ ಪ್ರಶ್ನೆಗೆ ಚಿತ್ರದಲ್ಲಿ ಉತ್ತರವಿಲ್ಲ; ಅದು ಚಿತ್ರದ ಹೊರಗೆ, ಊರಿನವರ ಕೈಯಲ್ಲಿದೆ.

ಸಮಾರೋಪ

ಈ ಚಿತ್ರಗಳ ಪರಿಶೀಲನೆಯಿಂದ ಮೂರು ಅಂಶಗಳು ಸ್ಪಷ್ಟವಾಗುತ್ತವೆ. ಒಂದು, ಸಮೂಹದ ಬಲವನ್ನು ನಂಬುವಂತೆ ತೋರಿಸಬಲ್ಲ ಚಿತ್ರ ಮೊದಲು ಸಮೂಹದ ಬಿರುಕನ್ನು ತೋರಿಸಿರುತ್ತದೆ. ಸೇತುವೆಯಾಚೆಯ ಮೂರು ಮನೆಗಳೂ ಉರಿದ ಕೇರಿಯೂ ಇಲ್ಲದಿದ್ದರೆ ಒಗ್ಗಟ್ಟು ಬರಿಯ ಘೋಷಣೆಯಾಗುತ್ತದೆ. ಎರಡು, ಗುಂಪನ್ನು ಕೂಡಿಸುವುದು ಭಾವನೆಗಿಂತ ಹೆಚ್ಚಾಗಿ ಒಂದು ಕೆಲಸ. ನಾಟಿ, ಹಾಲಿನ ಸಾಲು, ಆಟ, ಪಾಠ ಮೊದಲಾದ ದಿನನಿತ್ಯದ ಕೆಲಸವಿಲ್ಲದೆ ಯಾವ ಗುಂಪೂ ಬಹುಕಾಲ ನಿಲ್ಲದು. ಮೂರು, ಬಂದವನ ಸಾಧನೆಯನ್ನು ಅವನು ಇದ್ದಾಗ ಅಳೆಯಲಾಗದು.

ಮುಂಬೈ, ಪುಣೆ, ಚೆನ್ನೈ, ಹೈದರಾಬಾದ್, ದೆಹಲಿಗಳಲ್ಲಿ ಕನ್ನಡದ ಕೆಲಸ ಮಾಡಿದವರಿಗೆ ಇದರ ಅರ್ಥವನ್ನು ಬಿಡಿಸಿ ಹೇಳಬೇಕಾಗಿಲ್ಲ. ಹಗಲು ಹೋಟೆಲಿನಲ್ಲಿ ದುಡಿದು ರಾತ್ರಿಶಾಲೆಗೆ ಬಂದು ಅಕ್ಷರ ಕಲಿತ ಮುಂಬೈ ಹುಡುಗರ ಕಥೆ ಯಾವ ಚಿತ್ರಕ್ಕೂ ಕಡಿಮೆಯಾದುದಲ್ಲ. ಆ ಶಾಲೆಗಳ ಹಿಂದೆಯೂ ಸಣ್ಣ ಸಣ್ಣ ವಂತಿಗೆಗಳಿದ್ದವು. ಒಬ್ಬ ಕಾರ್ಯದರ್ಶಿಯ ಉತ್ಸಾಹದಲ್ಲಿ ಮೂವತ್ತು ವರ್ಷ ನಡೆದ ಸಂಘ ಅವರು ಹಾಸಿಗೆ ಹಿಡಿದ ವರ್ಷವೇ ಬೀಗ ಹಾಕಿದ್ದನ್ನೂ, ಒಬ್ಬ ಅಧ್ಯಾಪಕರು ನಿವೃತ್ತರಾದ ಕೂಡಲೇ ತರಗತಿ ಬರಿದಾದುದನ್ನೂ ನಾವು ಕಂಡಿದ್ದೇವೆ. ಅಂತಹ ಕಡೆ ಅಭಿನಂದನ ಸಮಾರಂಭಗಳು ನಡೆದಿರುತ್ತವೆ, ಶಾಲು ಹಾರಗಳು ಸಂದಿರುತ್ತವೆ. ಕೀಲಿಕೈಯನ್ನು ಇನ್ನೊಬ್ಬರ ಕೈಗೆ ಕೊಡುವ ಕೆಲಸ ಮಾತ್ರ ನಡೆದಿರುವುದಿಲ್ಲ.

‘ಮಂಥನ್’ನ ಕೊನೆಯಲ್ಲಿ ಹಾಲು ತಂದವರು ಬೆರಳೆಣಿಕೆಯಷ್ಟು ಮಂದಿ. ಖೇಡಾದಲ್ಲಿ ನಿಜವಾಗಿ ಆರಂಭವಾದುದೂ ಎರಡು ಹಳ್ಳಿಗಳಿಂದಲೇ. ಇಂದು ಹೊರನಾಡಿನ ಕನ್ನಡ ತರಗತಿಯೊಂದರಲ್ಲಿ ಐದೋ ಆರೋ ವಿದ್ಯಾರ್ಥಿಗಳು ಕುಳಿತಿದ್ದರೆ ಅವರನ್ನು ಸಂಖ್ಯೆಯ ಕೊರತೆಯೆಂದು ಕಾಣದೆ, ರೈಲು ಹೋದ ಮೇಲೆ ಪಾತ್ರೆ ಹಿಡಿದು ಬಂದವರೆಂದು ಕಾಣಲು ಈ ಚಿತ್ರಗಳು ಕಲಿಸುತ್ತವೆ. ಆ ಐದಾರು ಜನರಲ್ಲಿ ಕೀಲಿಕೈ ಯಾರ ಕೈಗೆ ಹೋಗಬೇಕು ಎಂಬುದನ್ನು ಗುರು ಇರುವಾಗಲೇ ಯೋಚಿಸುವುದು ಒಳಿತು.